ನಮ್ಮ ವಾರ್ಡಿನಲ್ಲಿ ಗೆದ್ದವರು ಯಾರು?

ದೆಹಲಿಯ ಲಕ್ಷ್ಮೀ ನಗರದ ಸಂಕಪ್ಪನ ಹೋಟೆಲಿನಲ್ಲಿ ಬೆಳಗಿನ ಚಟ್ನಿಗೆ ಉಪ್ಪು ಹಾಕುತ್ತಿದ್ದದ್ದು ಮೊನ್ನೆಯವರೆಗೂ ಅವನ ಹೆಂಡತಿ ಹರಿಣಾಕ್ಷಿಯೇ. ನಮ್ಮ ವಾರ್ಡು ಮಹಿಳೆಗೆ ಮೀಸಲಾಗಿ, ಅವಳು ಚುನಾವಣೆಗೆ ನಿಂತು ಗೆದ್ದು ಕಾರ್ಪೊರೇಟರ್ ಆದ ಮೇಲೂ ಅಷ್ಟೇ. ಪೋಸ್ಟರಿನಲ್ಲಿ ಗಂಡ ಹೆಂಡತಿ ಇಬ್ಬರೂ ಕೈ ಮುಗಿದಿದ್ದರು. ಗಂಡನ ಮುಖವೇ ದೊಡ್ಡದು. ಗೆದ್ದ ದಿನ ಹಾರ ಬಿದ್ದದ್ದೂ ಅವನ ಕೊರಳಿಗೆ. ಹೋಟೆಲಿನ ಮಹಡಿಯಲ್ಲಿ ಕಚೇರಿ ತೆರೆದರು, ಅಲ್ಲಿ ಕೂತವನೂ ಅವನೇ. ಕಾರ್ಪೊರೇಟರಿಗೆ ಇಲ್ಲಿನವರು ಪಾರ್ಷದ್ ಅನ್ನುತ್ತಾರೆ. ಬೀದಿಯವರೆಲ್ಲ ಸಂಕಪ್ಪನನ್ನೇ 'ಪಾರ್ಷದ್ ಜೀ' ಎಂದು ಕರೆಯತೊಡಗಿದರು.

ನನಗೆ ತಲೆಬುಡ ತಿಳಿಯಲಿಲ್ಲ. ವರದಕ್ಷಿಣೆಯ ಕಾಟಕ್ಕೆ ಸೊಸೆಯಂದಿರು ಸುಟ್ಟು ಸಾಯುತ್ತಿದ್ದ ಕಾಲದಲ್ಲಿ ಇದೇ ದೆಹಲಿಯ ಬೀದಿಗಳಲ್ಲಿ ಗಂಟಲು ಹರಿಯುವಂತೆ ಕೂಗಿದವರು ನಾವು. ಆಮೇಲೆ ಹೆಣ್ಣಿಗೆ ಮೀಸಲು ಸ್ಥಾನ ಕೊಡಿ ಎಂದು ಬಿಸಿಲಲ್ಲಿ ಧರಣಿ ಕೂತೆವು. ಹರಿಣಾಕ್ಷಿಗೆ ಮತ ಕೇಳಲು ಈ ಮಂಡಿನೋವಿನಲ್ಲೂ ಮನೆಮನೆಯ ಮೆಟ್ಟಿಲು ಹತ್ತಿದೆ. ಹಾಗಾದರೆ ನಾನು ಗೆಲ್ಲಿಸಿದ್ದು ಯಾರನ್ನು? ಓದುವವರೇ, ನಿಮ್ಮ ವಾರ್ಡಿನ ಕಥೆ ಹೇಗೋ ಕಾಣೆ.

ಮೊನ್ನೆ ಪಕ್ಕದ ಮನೆಯ ಸೊಸೆ ಧಾರಿಣಿ ಬಂದಳು. ದೆಹಲಿಯಲ್ಲೇ ಬೆಳೆದ ಕನ್ನಡದ ಹುಡುಗಿ.

"ಆಂಟಿ, ತವರಿಂದ ಕಾರು ತಗೊಂಡ್ ಬಾ ಅಂತ ಹೊಡೀತಾರೆ. ಪೊಲೀಸ್ ಹತ್ರ ಒಬ್ಬಳೇ ಹೋಗೋಕೆ ಡರ್ ಲಗ್ತಾ ಹೈ, ಭಯ ಆಗುತ್ತೆ. ನಮ್ಮ ಪಾರ್ಷದ್ ಲೇಡಿ ಅಲ್ವಾ, ಅವರು ಬರ್ತಾರಾ?"

ಕರೆದುಕೊಂಡು ಹೋದೆ. ಕುರ್ಚಿಯಲ್ಲಿ ಸಂಕಪ್ಪ.

"ಬನ್ನಿ ಪಂಕಜಕ್ಕ. ಎಂತ ಸಮಾಚಾರ?"

"ಹರಿಣಾಕ್ಷಿ ಹತ್ರ ಮಾತಾಡ್ಬೇಕಿತ್ತು."

"ಅವಳಿಗೆ ಎಂತ ಗೊತ್ತುಂಟು? ನನ್ನ ಹತ್ರ ಹೇಳಿ."

ಧಾರಿಣಿ ಕುರ್ತಾದ ತೋಳನ್ನು ಮಣಿಕಟ್ಟಿನವರೆಗೆ ಎಳೆದುಕೊಂಡಳು. ನಾನೇ ಹೇಳಿದೆ.

"ಗಂಡ ಹೆಂಡತಿ ಜಗಳಕ್ಕೆ ಪೊಲೀಸ್ ಎಂತಕ್ಕೆ? ಇವಳ ಮಾವನ ಹತ್ರ ನಾನು ಮಾತಾಡ್ತೇನೆ. ಚಲೋ, ಕಾಫಿ ಕುಡೀರಿ."

"ಹೊಡೆಸ್ತಿರೋದೇ ಆ ಮಾವ, ಸಂಕಪ್ಪ. ಇಂಥದ್ದನ್ನ ಹೆಣ್ಣಿನ ಹತ್ರ ಹೇಳಿಕೊಳ್ಳಲಿ ಅಂತಲೇ ಅಲ್ವಾ ಈ ಜಾಗ ಹೆಣ್ಣಿಗೆ ಕೊಟ್ಟಿದ್ದು?"

"ಹೆಸರು ಹೆಣ್ಣಿನದ್ದೇ ಉಂಟಲ್ಲ, ಸಾಕಲ್ಲ! ಹೊರಗಿನ ಕೆಲಸ ಮನೆಯ ಗಂಡಸೇ ಮಾಡುದು. ಎಲ್ಲ ಕಡೆಯೂ ಹೀಗೇ ನಡೀತದೆ."

ನನಗೆ ಮೈ ಉರಿಯಿತು. ಅಷ್ಟರಲ್ಲಿ ಹರಿಣಾಕ್ಷಿ ಕಾಫಿ ತಂದಳು. ಲೋಟಕ್ಕೆ ಕೈ ಚಾಚಿದ ಧಾರಿಣಿಯ ತೋಳು ಸರಿದು, ಕಪ್ಪುಗಟ್ಟಿದ ಮಣಿಕಟ್ಟು ಕಾಣಿಸಿತು.

"ಇದನ್ನು ನನಗೆ ಹೇಳ್ಲಿಕ್ಕೆ ಬಂದದ್ದಾ?" ಹರಿಣಾಕ್ಷಿ ಕೇಳಿದಳು.

ಹುಡುಗಿ ಹೌದೆಂದು ತಲೆಯಾಡಿಸಿದಳು.

"ನಂಗೇ ಗೊತ್ತಾಗುದಿಲ್ಲ ಪಂಕಜಕ್ಕ, ಗೆದ್ದದ್ದು ನಾನಾ, ಇವರಾ ಅಂತ." ಗಂಡನ ಮುಖ ನೋಡಿದಳು, ಧಾರಿಣಿಯ ಕೈ ನೋಡಿದಳು. ಕೊನೆಗೆ ಟ್ರೇಯನ್ನು ಸಂಕಪ್ಪನ ಕೈಗೆ ಕೊಟ್ಟಳು. "ಚಟ್ನಿಗೆ ಉಪ್ಪು ಹಾಕ್ಲಿಲ್ಲ. ನೋಡಿಕೊಳ್ಳಿ."

"ಜನ ನಗ್ತಾರೆ ಮಾರಾಯ್ತಿ!"

ಅವಳು ಆಗಲೇ ಮೆಟ್ಟಿಲಿಳಿಯುತ್ತಿದ್ದಳು.

ಠಾಣೆಯಲ್ಲಿ ಅಧಿಕಾರಿ ಅವಳ ಗುರುತು ಹಿಡಿದು ಎದ್ದು ನಿಂತ. ನಿಂತವನು ನಮ್ಮ ಬೆನ್ನ ಹಿಂದೆ ಬಾಗಿಲ ಕಡೆ ಇಣುಕಿದ.

"ಪಾರ್ಷದ್ ಜೀ ಕಹಾಂ ಹೈಂ?" ಅವನು ಹುಡುಕಿದ್ದು ಸಂಕಪ್ಪನನ್ನು.

ರೂಢಿಯಂತೆ ಹರಿಣಾಕ್ಷಿಯೂ ತಿರುಗಿ ನೋಡಿದಳು. ಬಾಗಿಲಲ್ಲಿ ಯಾರೂ ಇರಲಿಲ್ಲ.

ಅವಳು ಕುರ್ಚಿ ಎಳೆದು ಧಾರಿಣಿಯನ್ನು ಕೂರಿಸಿದಳು.

"ಪಾರ್ಷದ್ ಮೈಂ ಹೂಂ," ಅಂದಳು, ದೂರಿನ ಪುಸ್ತಕವನ್ನು ಅವನ ಮುಂದೆ ಸರಿಸಿ. "ಲಿಖಿಯೇ."