ಕೊಳಕೂರಿಗೆ ಬಂದ ಕುರ್ದ

ದೇಸಾಯಿ ಶಾಂತಲಿಂಗಪ್ಪನವರು ಮಾಂಸ ಮುಟ್ಟುವವರಲ್ಲ. ಆದರೂ ಜೇವರ್ಗಿಯಿಂದ ತಹಸೀಲ್ದಾರ ಸಾಹೇಬರು ಕೊಳಕೂರಿಗೆ ಬಂದಾಗಲೆಲ್ಲ ಕುರುಬರ ಬಾಳಮ್ಮನ ದೊಡ್ಡಿಯಿಂದ ಒಂದು ಟಗರು ಬಿಟ್ಟಿಯಾಗಿ ಎದ್ದು ಹೋಗುತ್ತಿತ್ತು. ಗಂಡ ಸತ್ತಾಗ ದೊಡ್ಡಿ ತುಂಬ ಇದ್ದ ಕುರಿ ಈಗ ಒಂದು ಮೂಲೆಗೆ ಬಂದಿದ್ದವು. ದಿಲ್ಲಿಯಲ್ಲಿ ಬಾವುಟ ಆಗಷ್ಟೇ ಏರಿತ್ತು. ನಿಜಾಮರ ಸೀಮೆಯ ಟಗರುಗಳಿಗೆ ಸ್ವಾತಂತ್ರ್ಯ ಇನ್ನೂ ಬಂದಿರಲಿಲ್ಲ.

ಬಾಳಮ್ಮ ಒಮ್ಮೆ ತಕರಾರು ತೆಗೆದದ್ದೇ ತಡ, ದೇಸಾಯರು ಹೈದರಾಬಾದಿನಿಂದ ಬಂದೂಕಿನವನೊಬ್ಬನನ್ನು ತಂದರು. “ಅರಬನ್ನ ತಂದೇನಿ!” ಎಂದು ಚಾವಡಿಯಲ್ಲಿ ಸಾರಿದರು. ಅವನ ಮೀಸೆ ಕಂಡರೆ ಸಾಕು, ದೊಡ್ಡವರೇ ಮನೆ ಸೇರುತ್ತಿದ್ದರು.

ಒಂದು ಮುಂಜಾನೆ ಆ ಮೀಸೆ ಬಾಳಮ್ಮನ ದೊಡ್ಡಿಗೆ ಬಂತು.

“ಟಗರು ಬೇಕು. ನಾಳಿ ಸಾಹೇಬ ಬರ್ತಾಳ.”

ಮೂರು ತಿಂಗಳಲ್ಲಿ ಕಲಿತ ಕನ್ನಡ. ಹೆದರಿಕೆಯಲ್ಲೂ ಬಾಳಮ್ಮನಿಗೆ ನಗು ತಡೆಯಲಾಗಲಿಲ್ಲ.

“ಬರ್ತಾಳೋ, ಬರ್ತಾನೋ? ಅರಬರಾಗ ಹಿಂಗೇ ಏನು?”

“ಅರಬ ಅಲ್ಲ! ಕುರ್ದ! ಹೆಸರು ರಸೂಲ್. ಸೀಮಿ ಕುರ್ದಿಸ್ತಾನ!”

“ಕುರುಬಾ? ಕುರಿಸ್ತಾನದಾಂವಾ? ಮೊದಲೇ ಹೇಳಬಾರದೇನೋ ತಮ್ಮಾ! ಕುಂದ್ರು, ರೊಟ್ಟಿ ತಿನ್ನು.”

ರಸೂಲ್ ತಿದ್ದಲು ಬಾಯಿ ತೆರೆದ. ಅಷ್ಟರಲ್ಲಿ ಮರಿಯೊಂದು ಅವನ ಕೈ ನೆಕ್ಕತೊಡಗಿತು. ಅದನ್ನೆತ್ತಿ ಗೊರಸು ನೋಡಿದ, ಕಿವಿ ನೋಡಿದ.

“ಗುಡ್ಡದಾಗ ನನ್ನವೂ ಇದ್ದವು, ಅವ್ವಾ. ತುರ್ಕರು ನೀ ತುರ್ಕ ಅಂತಾರ. ಶಾಹ ನೀ ಇರಾನಿ ಅಂತಾನ. ದೇಸಾಯಿ ಅರಬ ಅಂತಾನ. ಹೋದ ವರ್ಷ ಮಹಾಬಾದದಾಗ ನಮ್ಮದೇ ರಾಜ್ಯ ಇತ್ತು. ಹನ್ನೊಂದು ತಿಂಗಳು.”

“ಹನ್ನೊಂದೇ ತಿಂಗಳಾ? ಎಮ್ಮಿ ಗಬ್ಬಾಗಿ ಈಯೂದರಾಗ ಮುಗೀತಲ್ಲೋ!”

“ಶಾಹನ ಫೌಜು ಬಂತು. ನಮ್ಮ ಹಿರಿಯರನ್ನ ಗಲ್ಲಿಗೆ ಹಾಕ್ತು. ನನ್ನ ಕುರಿ ಹೊಡಕೊಂಡು ಹೋತು. ನಾನು ಹಡಗ ಹತ್ತಿದೆ.”

ಬಾಳಮ್ಮನ ನಗು ನಿಂತಿತು. ಇನ್ನೊಂದು ರೊಟ್ಟಿ ಇಟ್ಟಳು.

“ಮತ್ತ ನೀ ನನ್ನ ಟಗರು ಹೊಡಕೊಂಡು ಹೋಗಾಕ ಬಂದೀಯಲ್ಲೋ?”

ರಸೂಲ್ ಬಂದೂಕನ್ನು ಗೂಟದಂತೆ ನೆಲಕ್ಕೆ ನೆಟ್ಟು, ಟಗರನ್ನು ಅದಕ್ಕೇ ಕಟ್ಟಿ, ರೊಟ್ಟಿ ಮುರಿದ.

ಮಧ್ಯಾಹ್ನವಾದರೂ ಟಗರು ಬಾರದ್ದಕ್ಕೆ ದೇಸಾಯರೇ ಬಂದರು.

“ಏ ಅರಬ! ಬಂದೂಕು ತಗಿ, ಮುದುಕೀನ್ನ ಹೆದರ್ಸಲೇ!”

ರಸೂಲ್ ಏಳಲಿಲ್ಲ. ದೇಸಾಯರು ಸಿಟ್ಟಿನಿಂದ ತಾವೇ ಟಗರಿನ ಕೊಂಬಿಗೆ ಕೈ ಹಾಕಿದರು. ಟಗರು ಕೊಸರಿದ ರಭಸಕ್ಕೆ ಬಂದೂಕು ಕಿತ್ತು ಬಂತು. ಮುಂದೆ ದೇಸಾಯರು, ಹಿಂದೆ ಟಗರು, ಅದರ ಹಿಂದೆ ದಡಬಡ ಬಂದೂಕು. ಊರೆಲ್ಲ ಓಣಿಗಿಳಿಯಿತು.

“ಹಿಡೀರಲೇ! ಗುಂಡು ಹಾರ್ತೈತಿ!” ದೇಸಾಯರು ಒದರಿದರು.

“ಗುಂಡು ಇಲ್ಲ!” ರಸೂಲ್ ಕೂಗಿದ. “ನೀ ಕೊಟ್ಟೇ ಇಲ್ಲ!”

ಮೂರು ತಿಂಗಳು ತಾವು ಬರೀ ಕೊಳವೆಗೆ ಹೆದರಿದ್ದು ಎಲ್ಲರಿಗೂ ಒಟ್ಟಿಗೇ ತಿಳಿಯಿತು. ಮೊದಲು ನೆರೆಮನೆಯ ನಿಂಬೆವ್ವ ನಕ್ಕಳು. ಆಮೇಲೆ ಊರಿಗೆ ಊರೇ.

ಮರುದಿನ ಸಾಹೇಬರು ಟಗರಿಲ್ಲದೆ ಪುಂಡಿಪಲ್ಲೆ ಸೊಪ್ಪು ತಿಂದು, ಮುಖ ಊದಿಸಿಕೊಂಡು ಹೊರಟರು. ಟ್ರಂಕು ಹೊರಲು ತಳವಾರ ಮನೆಮನೆಗೆ ಹೋಗಿ ಕರೆದ. ಒಬ್ಬರೂ ಬರಲಿಲ್ಲ. ಕೊನೆಗೆ ದೇಸಾಯರೇ ಟ್ರಂಕನ್ನು ತಲೆಗೇರಿಸಿಕೊಂಡರು. ದಾರಿಯ ಎರಡೂ ಕಡೆ ಜನ ಕೈಕಟ್ಟಿ ನಿಂತಿದ್ದರು, ಅವರ ನಡುವೆ ರಸೂಲ್ ಕೂಡ.

ಬಾಳಮ್ಮ ಒಬ್ಬಳೇ ಮಾತಾಡಿದಳು.

“ಹಳ್ಳದಾಗ ಕೆಸರೈತ್ರಿ ಧಣೇರ. ಸಾವಕಾಶ ಹೋಗ್ರಿ.”