ಮಂಗನಿಗೆ ಬ್ಲೀಚಿನ ಸ್ನಾನ

ಬೆಳ್ಳಗೆ, ಸುಣ್ಣ ಬಳಿದ ಗೋಡೆಯಷ್ಟು ಬೆಳ್ಳಗೆ, ಬಾಲ್ಕನಿಯ ಹಗ್ಗದಲ್ಲಿ ಕಿವಿಗೊಂದು ಕ್ಲಿಪ್ಪು ಕಚ್ಚಿಸಿಕೊಂಡು ತೂಗುತ್ತಿದೆ ಆ ಮುಖ, ಅಯ್ಯೋ ರಾಮ, ಬೆಳಿಗ್ಗೆಯವರೆಗೂ ಕಂದು ಬಣ್ಣದ ಬಟ್ಟೆಯ ಮಂಗ, ಮಗಳ ಕುಟ್ಟನ್, ಬಣ್ಣದಲ್ಲಿ ಬರೆದ ಕಣ್ಣು, ನಗುವ ಬಾಯಿ, ಎಲ್ಲ ತೊಳೆದುಹೋಯಿತಲ್ಲ— ಯಜ್ಞನಾರಾಯಣ ಮೂಸಿ ನೋಡಿದ, ಎಷ್ಟು ಜಾಲಿಸಿದರೂ ಬ್ಲೀಚಿನ ವಾಸನೆ, ಒಳಗೆ ಅಪೂರ್ವಾ ಮಲಗಿದ್ದಾಳೆ, ಕೆಂಪು ಗುಳ್ಳೆಯ ಆ ಅಂಟುಜ್ವರ, ಟೊಮೆಟೊ ಜ್ವರ, ಬಿಟ್ಟು ಮಗುವಿಗೆ ಈಗಷ್ಟೇ ಅನ್ನ ಸೇರುತ್ತಿದೆ, ಎದ್ದ ಕೂಡಲೇ ಕುಟ್ಟನ್ ಬೇಕು, ಅವನಿಲ್ಲದೆ ತುತ್ತು ಇಳಿಯುವುದಿಲ್ಲ, ಏನು ಹೇಳಲಿ, ಇನ್ನೊಂದು ತರೋಣವೆಂದರೆ ಕೊಂಡದ್ದು ಕೊಚ್ಚಿಯಲ್ಲಿ— ಸೋಪುನೀರು ಸಾಕು ಮಾರಾಯ್ರೆ, ಬೊಂಬೆಯನ್ನು ರಾಕೆಟಿನಲ್ಲಿ ಕಳಿಸ್ಲಿಕ್ಕುಂಟಾ, ಎಂದಿದ್ದಳು ನಿರ್ಮಲ, ಹೆಂಡತಿಯ ಮಾತು ಕೇಳಿದರೆ ಗಂಡನ ಗತ್ತು ಏನಾಗಬೇಕು, ತುಂಬಾದ ರಾಕೆಟ್ ಕೇಂದ್ರದ ಕ್ಲೀನ್ ರೂಮಿನಲ್ಲಿ ವರ್ಷಗಟ್ಟಲೆ ಧೂಳಿನ ಕಣ ಹುಡುಕಿದವನಿಗೆ ಮಂಗನನ್ನು ತೊಳೆಯಲು ಬರುವುದಿಲ್ಲವೇ, ಟೊಪ್ಪಿ ಮಾಸ್ಕು ಗ್ಲೌಸು ಏರಿಸಿ ಬಾಗಿಲ ಹಿಡಿಕೆ, ಸ್ವಿಚ್ಚು, ಪ್ಲಾಸ್ಟಿಕ್ ಆಟಿಕೆ ಎಲ್ಲಕ್ಕೂ ಮೊದಲು ಸೋಪು ಆಮೇಲೆ ಬ್ಲೀಚು, ಅಲ್ಲಿಯವರೆಗೆ ಸರಿ, ಬಟ್ಟೆಯ ಮಂಗನನ್ನೂ ಅದೇ ಬಕೆಟ್ಟಿಗೆ ಅದ್ದು ಎಂದವರು ಯಾರು, ಗಣಪತಿ ಮಾಡಲು ಹೋಗಿ ಮಂಗನಾಯಿತು ಅನ್ನುತ್ತಾರೆ, ಇಲ್ಲಿ ಮಂಗನೂ ಉಳಿಯಲಿಲ್ಲ— ಹಿಂದೆ ಪುಟ್ಟ ಹೆಜ್ಜೆ ಸಪ್ಪಳ, ಬಂದಳು, ನೋಡಿದಳು, ತುಟಿ ಮುಂದೆ ಬಂತು, ಈಗ ಅತ್ತಳು, ಈಗ ಅತ್ತಳು, ಕುಟ್ಟನು ಪನಿಯಾಣೋ, ಕುಟ್ಟನ್‌ಗೆ ಜ್ವರವಾ ಅಂತೆ, ಜ್ವರಕ್ಕೆ ಬಿಳಿಚಿಕೊಂಡಿದ್ದಾನಂತೆ, ಹೌದು ಪುಟ್ಟಾ, ಹೌದೌದು, ಬಹಳ ಜ್ವರ, ಬದುಕಿದೆಯಾ ಬಡಜೀವವೇ, ಕ್ಲಿಪ್ಪು ಬಿಚ್ಚಿ ಕೊಟ್ಟ, ಎದೆಗೊತ್ತಿಕೊಂಡಳು, ಇಬ್ಬರನ್ನೂ ಎತ್ತಿಕೊಳ್ಳೋಣವೆಂದು ಕೈ ಚಾಚಿದರೆ, ತೊಡಂಡ ಅಪ್ಪಾ, ಕೈ ಕಳುಗೀಟ್ ವಾ— ಮುಟ್ಟಬೇಡ, ಕೈ ತೊಳೆದು ಬಾ, ಮಲಯಾಳವೇನೋ ಅಂಗನವಾಡಿಯದ್ದು, ಮಾತು ಮಾತ್ರ ಅವನದ್ದೇ, ಜ್ವರವಿದ್ದಷ್ಟು ದಿನವೂ ಗ್ಲೌಸು ತೊಟ್ಟೇ ಅವಳ ಹಣೆ ಮುಟ್ಟಿದ್ದು, ಬರಿಗೈಯಲ್ಲಿ ಒಂದು ಸಲವಾದರೂ, ಒಂದೇ ಒಂದು ಸಲ, ಎಂಥ ಅಪ್ಪನಯ್ಯ ನೀನು, ಓಡಿಹೋಗಿ ತೊಳೆದ, ಬಂದ, ಒನ್ನುಕೂಡಿ ಅಂದಳು, ಇನ್ನೊಂದು ಸಲ, ಮತ್ತೆ ತೊಳೆದ, ನೀರು ತೊಟ್ಟಿಕ್ಕುವ ಎರಡೂ ಕೈ ಮುಂದೆ ಹಿಡಿದು ನಿಂತ, ಅವಳು ಬೆನ್ನು ತಿರುಗಿಸಿ ಮಂಗನ ಬೆನ್ನು ತಟ್ಟುತ್ತಿದ್ದಾಳೆ, ಅವಳ ಭುಜದ ಮೇಲಿಂದ, ಕಣ್ಣಿಲ್ಲದೆಯೂ ಅವನನ್ನೇ ನೋಡುತ್ತಾ, ಬೆಳ್ಳಗೆ, ಆ ಮುಖ—