ಬರಿಗಾಲಿಗೆ ಸಿಕ್ಕ ಹೆಜ್ಜೆ

ಶನಿವಾರ ಬೆಳಿಗ್ಗೆ ಬಸ್ಸು ಹತ್ತುವ ಮೊದಲು ನನ್ನ ಮಗಳು ವಾಣಿಶ್ರೀ ನನ್ನಿಂದ ಆಣೆ ಹಾಕಿಸಿಕೊಂಡಳು. ದಿನವಿಡೀ ನಾನು ಗೈಡಿನ ಮಾತಿಗೆ ಬಾಯಿ ಹಾಕಕೂಡದು.

"ಒಂದೇ ಒಂದು ಮಾತೂ ಆಡ್ಬಾರ್ದು ಅಪ್ಪ. ಹೋದ್ಸಲ ಮ್ಯೂಸಿಯಮ್ಮಲ್ಲಿ ಮಾಡಿದ್ದು ಸಾಕು. ಇವತ್ತು ನಾವು ಹೋಗ್ತಿರೋದು ಇಂಚರಾಗೋಸ್ಕರ."

"ಆಯ್ತಮ್ಮ, ಆಣೆ," ಅಂದೆ. ಅಂದದ್ದೇನೋ ಅಂದೆ, ನಾಲಿಗೆ ಆಗಲೇ ತುರಿಸುತ್ತಿತ್ತು.

ನಾನು ಬೇಲೂರಿನ ಗುಡಿಯಲ್ಲಿ ಮೂವತ್ತನಾಲ್ಕು ವರ್ಷ ಗೈಡಾಗಿದ್ದವನು. ಜಯರಾಮ್ ಅಂದರೆ ಬಸ್‌ಸ್ಟ್ಯಾಂಡಿನ ಸೋಡಾ ಅಂಗಡಿಯವನೂ ಕೈ ಮಾಡಿ ತೋರಿಸುತ್ತಿದ್ದ. ಮಗಳ ಮನೆಗೆಂದು ಅಮೆರಿಕಕ್ಕೆ ಬಂದಿದ್ದೆ. ಹಿಂದಿನ ತಿಂಗಳು ಇಲ್ಲಿಯ ಒಂದು ಮ್ಯೂಸಿಯಮ್ಮಿನಲ್ಲಿ ಗೈಡಮ್ಮ ನಟರಾಜನ ಕಾಲ ಕೆಳಗೆ ಮಲಗಿರುವುದು ಮಗು ಅಂದುಬಿಟ್ಟಳು. ಅಸುರನನ್ನು ಮಗು ಅಂದರೆ ಹೇಗೆ ಸುಮ್ಮನಿರುವುದು? ನಾನು ಬಾಯಿಬಿಟ್ಟೆ. ಮುಕ್ಕಾಲು ಗಂಟೆ ಬಿಟ್ಟೆ. ಆಕೆಯ ಗುಂಪು ಪೂರ್ತಿ ನನ್ನ ಹಿಂದೆ ಬಂತು, ಆಕೆ ಒಬ್ಬಳೇ ನಟರಾಜನ ಮುಂದೆ ನಿಂತಳು. ವಾಣಿಗೆ ಆ ಅವಮಾನ ಇನ್ನೂ ಇಳಿದಿರಲಿಲ್ಲ.

ಈ ರಾಜ್ಯದಲ್ಲಿ ಒಂದು ಪದ್ಧತಿ ಇದೆ. ನಾಲ್ಕನೇ ಕ್ಲಾಸಿನ ಮಕ್ಕಳೆಲ್ಲ ಇಲ್ಲಿಯ ಹಳೆಯ ಸ್ಪ್ಯಾನಿಷ್ ಮಿಶನ್ನುಗಳಲ್ಲಿ, ಅಂದರೆ ಇನ್ನೂರು ವರ್ಷದ ಹಿಂದೆ ಪಾದ್ರಿಗಳು ಕಟ್ಟಿಸಿದ ಚರ್ಚು ಮಠಗಳಲ್ಲಿ, ಒಂದನ್ನು ಆರಿಸಿಕೊಂಡು ಅದರ ಮಾಡೆಲ್ ಮಾಡಬೇಕು. ಆಮೇಲೆ ಕ್ಲಾಸಿನ ಮುಂದೆ ನಿಂತು ಐದು ನಿಮಿಷ ಮಾತಾಡಬೇಕು. ನನ್ನ ಮೊಮ್ಮಗಳು ಇಂಚರಾಳ ಮಾಡೆಲ್ಲೇನೋ ತಯಾರಾಗಿತ್ತು. ಅಳಿಯ ಸುರೇಶ್ ರೆಡ್‌ವುಡ್ ಸಿಟಿಯ ಆಫೀಸಿಗೆ ರಜೆ ಹಾಕಿ ಸಕ್ಕರೆ ಕ್ಯೂಬುಗಳನ್ನು ಅಂಟಿಸಿ ಕಟ್ಟಿದ್ದ. ಚರ್ಚಿಗೆ ಕಟ್ಟಿದ ಸಕ್ಕರೆಯ ಗಂಟೆಯನ್ನು ಇರುವೆ ಅರ್ಧ ತಿಂದುಹಾಕಿದ ಮೇಲೆ ಇನ್ನೊಂದನ್ನು ಮಾಡಿ ನೇತುಹಾಕಿದ್ದ.

ತಯಾರಾಗದೆ ಉಳಿದದ್ದು ಮಾತು. ಡಿಸೆಂಬರಿನಲ್ಲಿ ಹೀಗೇ ನಿಂತಾಗ ಹುಡುಗಿ ಕಾಗದವನ್ನು ಮುಖಕ್ಕೆ ಅಡ್ಡ ಹಿಡಿದು ನಡುಗಿದಳಂತೆ, ಆಮೇಲೆ ಬಾತ್‌ರೂಮಿಗೆ ಓಡಿ ಸ್ಕೂಲು ಬಿಡುವವರೆಗೂ ಹೊರಗೆ ಬರಲಿಲ್ಲವಂತೆ. ಈಗ ಬರುವ ಸೋಮವಾರ ಅವಳ ಸರದಿ. "ಮಂಡೇ ಐ ವಿಲ್ ಹ್ಯಾವ್ ಫೀವರ್," ಎಂದು ಒಂದು ವಾರ ಮೊದಲೇ ಹೇಳಿಟ್ಟಿದ್ದಳು. ಮಾತು ಮಾರಿಕೊಂಡು ಬದುಕಿದವನ ಮೊಮ್ಮಗಳು ಮಾತಿಗೆ ಹೆದರುತ್ತಾಳಲ್ಲ ಎಂದು ನನಗೆ ನಿಜಕ್ಕೂ ಸಂಕಟವಾಗಿತ್ತು. ಕಣ್ಣಾರೆ ನೋಡಿದರೆ ಧೈರ್ಯ ಬರಬಹುದು ಎಂದು ವಾಣಿ ಈ ಟೂರು ಬುಕ್ ಮಾಡಿದ್ದಳು.

ಇದು ಎರಡು ಸಾವಿರದ ಇಸವಿಯ ಮಾತು. ಆಗ ನಾವಿದ್ದ ಬೇ ಏರಿಯಾದಲ್ಲಿ ನಾಲ್ಕು ಜನ ಕಾಫಿಗೆ ಸೇರಿದರೆ ಒಂದು ಡಾಟ್ ಕಾಮ್ ಕಂಪನಿ ಹುಟ್ಟುತ್ತಿತ್ತು. ಸುರೇಶನ ಗೆಳೆಯರೂ ಒಂದನ್ನು ಹುಟ್ಟಿಸಿದ್ದರು. ನಮ್ಮ ಕಡೆಯ ಸಂಸಾರಗಳನ್ನು ಬಸ್ಸಿನಲ್ಲಿ ಕೂರಿಸಿ ಊರು ತೋರಿಸುವುದು ಅದರ ಕೆಲಸ. ವೆಬ್‌ಸೈಟು ಭಾರಿ ಚೆನ್ನಾಗಿತ್ತು. "ಒಂದೇ ದಿನದಲ್ಲಿ ಸ್ಪ್ಯಾನಿಷ್ ಅರಮನೆಗಳು, ಪುರಾತನ ಪಟ್ಟಣಗಳು" ಎಂದು ಅಕ್ಷರಗಳು ಕುಣಿಯುತ್ತಿದ್ದವು. ಗೈಡನ್ನು ನೇಮಿಸುವುದನ್ನು ಮಾತ್ರ ಎಲ್ಲರೂ ಮರೆತಿದ್ದರು. ಹಾಗಾಗಿ ವೆಬ್‌ಸೈಟು ಬರೆದ ಎಂಜಿನಿಯರ್ ಜಗನ್ ಎಂಬ ಹುಡುಗನಿಗೇ ಮೈಕು ಕೊಟ್ಟು ಕಳಿಸಿದ್ದರು.

ಬೆರ್ರಿಯೆಸಾದ ಗ್ರೋಸರಿ ಅಂಗಡಿಯ ಪಾರ್ಕಿಂಗಿನಿಂದ ನಾವು ಇಪ್ಪತ್ತೆರಡು ಜನ ಹೊರಟೆವು. ಫ್ರೀವೇ ಹತ್ತುತ್ತಿದ್ದಂತೆ ಜಗನ್ ನಮಗೆ ಬೆನ್ನು ಮಾಡಿ, ಮುಂದಿನ ಗಾಜು ನೋಡಿಕೊಂಡು, ಕಾಗದದಲ್ಲಿದ್ದುದನ್ನು ಓದತೊಡಗಿದ. ಬೆಳ್ಳುಳ್ಳಿ ಬೆಳೆಯುವ ಗಿಲ್ರಾಯ್ ಊರಿನ ಹತ್ತಿರ ಬಸ್ಸಿನೊಳಗೆಲ್ಲ ಬೆಳ್ಳುಳ್ಳಿಯ ವಾಸನೆ ತುಂಬಿತು. ಅದರ ಬಗ್ಗೆ ಎಲ್ಲರೂ ಮಾತಾಡಿದರು, ಜಗನ್ ಒಬ್ಬನನ್ನು ಬಿಟ್ಟು. ಅವನ ಕಾಗದದಲ್ಲಿ ಬೆಳ್ಳುಳ್ಳಿ ಇರಲಿಲ್ಲ.

ವಾಣಿ ಗೈಡಿನ ಮಾತಿಗೆ ಬಾಯಿ ಹಾಕಬೇಡ ಅಂದಿದ್ದಳೇ ಹೊರತು ಮೊಮ್ಮಗಳ ಹತ್ತಿರ ಗೊಣಗಬೇಡ ಅಂದಿರಲಿಲ್ಲ. ಪಕ್ಕದಲ್ಲಿದ್ದ ಇಂಚರಾಳ ಕಿವಿಯ ಹತ್ತಿರ ಬಗ್ಗಿದೆ.

"ನೋಡು ಪುಟ್ಟಿ, ಜನಕ್ಕೆ ಬೆನ್ನು ತೋರಿಸೋನು ಗೈಡೇ ಅಲ್ಲ. ಮೊದಲು ವಸ್ತು ತೋರಿಸ್ಬೇಕು, ಆಮೇಲೆ ಮಾತು. ಮಾತಾಡೋವಾಗ ಎಲ್ಲಾರ್ಗಿಂತ ಹಿಂದೆ ಇರೋರ ಮುಖ ನೋಡ್ಬೇಕು. ಅವರಿಗೆ ಅರ್ಥವಾದ್ರೆ ಮುಂದಿನೋರಿಗೂ ಆಯ್ತು ಅಂತ."

"ಓಕೆ, ತಾತ," ಅಂದು ಅವಳು ಕಿಟಕಿಯ ಕಡೆ ತಿರುಗಿದಳು. ಕೇಳಿಸಿಕೊಂಡಳೋ ಇಲ್ಲವೋ ಗೊತ್ತಾಗಲಿಲ್ಲ.

ಸ್ಯಾನ್ ಹುವಾನ್ ಬಟಿಸ್ಟಾ ಒಂದು ಪುಟ್ಟ ಊರು. ನಡುವೆ ಹುಲ್ಲಿನ ಚೌಕ, ಒಂದು ಬದಿಗೆ ಇಂಚರಾ ಆರಿಸಿಕೊಂಡಿದ್ದ ಉದ್ದನೆಯ ಬಿಳಿ ಮಿಶನ್ನು, ಬೀದಿಯ ತುಂಬ ಯಾರ ಹಂಗೂ ಇಲ್ಲದೆ ಓಡಾಡುವ ಕೋಳಿಗಳು. ಅರಮನೆ ಎಲ್ಲಿ ಎಂದು ನಾಲ್ಕು ಜನ ಕೇಳಿದರು. "ವೆಬ್‌ಸೈಟಲ್ಲಿ ಸ್ವಲ್ಪ ಮಾರ್ಕೆಟಿಂಗು ಇರತ್ತೆ," ಎಂದ ಜಗನ್. ಪಾಪದ ಹುಡುಗ, ಕಿವಿಯವರೆಗೂ ಕೆಂಪಾದ.

ಚರ್ಚಿನ ಬಾಗಿಲಲ್ಲಿ ಎಲ್ಲರಿಗಿಂತ ಮುಂದೆ ಇದ್ದವರು ಮಂಡ್ಯ ಕಡೆಯ ತಾಯಮ್ಮ. ಎಪ್ಪತ್ತು ದಾಟಿದ ಹೆಂಗಸು, ಪ್ಲೆಸೆಂಟನ್ನಿನಲ್ಲಿರುವ ಮಗನ ಜೊತೆ ಬಂದಿದ್ದರು, ಇಂಗ್ಲಿಷಿನ ಒಂದಕ್ಷರ ಬಾರದು. ಹೊಸ್ತಿಲ ಹತ್ತಿರ ನಿಂತು ಚಪ್ಪಲಿ ಬಿಟ್ಟರು.

"ಇಲ್ಲಿ ಬಿಚ್ಚೋದು ಬೇಡ ಅಜ್ಜಿ, ಹಾಗೇ ಹೋಗ್ಬಹುದು," ಎಂದ ಜಗನ್.

"ದೇವ್ರು ಯಾರ್ದಾದ್ರೇನಪ್ಪ, ಮೆಟ್ಟಾಕಂಡು ಓದಾರಾ?" ಎಂದು ಅವರು ಒಳಗೆ ನಡೆದೇಬಿಟ್ಟರು.

ಅವರ ಹಿಂದೆ ನಾನು ಬಿಟ್ಟೆ. ವಾಣಿ ಬಿಟ್ಟಳು. ಒಬ್ಬರು ಬಿಟ್ಟ ಮೇಲೆ ಇನ್ನೊಬ್ಬರು ಹಾಕಿಕೊಂಡು ಹೋಗುವುದು ನಮ್ಮವರಿಂದ ಆಗುತ್ತದೆಯೇ? ಇಪ್ಪತ್ತೆರಡು ಜೊತೆಯೂ ಸಾಲಾಗಿ ಹೊರಗೆ ಕೂತವು, ಕೊನೆಗೆ ಜಗನ್ನನ ಬಿಳಿ ಶೂ ಕೂಡ. ಒಳಗಿದ್ದ ಒಂದಿಬ್ಬರು ಅಮೆರಿಕನ್ನರು ನಮ್ಮ ಪಾದಗಳನ್ನೇ ನೋಡಿದರು.

ಜಗನ್ ಪೀಠದ ಕಡೆ ಮುಖ ಮಾಡಿ, ಮತ್ತೆ ನಮಗೆ ಬೆನ್ನು ತೋರಿಸಿ, ಹತ್ತು ನಿಮಿಷ ಓದಿದ. ಯಾವ ವರ್ಷ ಕಟ್ಟಿದರು, ಎಷ್ಟು ಅಡಿ ಉದ್ದ, ಎಷ್ಟು ಅಗಲ. ಜನ ಆಕಳಿಸಿದರು. ನಾನು ನಾಲಿಗೆಯನ್ನು ಹಲ್ಲಿನ ಮಧ್ಯೆ ಹಿಡಿದು ನಿಂತಿದ್ದೆ. ಓದಿ ಮುಗಿಸಿ ಹೊರಡೋಣ ಎಂದು ಬಾಗಿಲಿಗೆ ಹೋದ ಜಗನ್ ಅಲ್ಲೇ ನಿಂತ. ಹೊಸ್ತಿಲಾಚೆ ಒಂದೇ ಒಂದು ಚಪ್ಪಲಿಯೂ ಇರಲಿಲ್ಲ. ಬಸ್ಸೂ ಇರಲಿಲ್ಲ.

ಪಕ್ಕದ ಅಂಗಡಿಯವರಿಂದ ವಿಷಯ ತಿಳಿಯಿತು. ಕೋಳಿಗಳು ನಮ್ಮ ಶೂಗಳ ಮೇಲೆ ಹತ್ತಿ ಗಲೀಜು ಮಾಡುತ್ತಿದ್ದವಂತೆ. ನಮ್ಮ ಡ್ರೈವರು ಒಳ್ಳೆಯ ಮನುಷ್ಯ, ಅವನ್ನೆಲ್ಲ ಎತ್ತಿ ಜೋಪಾನವಾಗಿ ಬಸ್ಸಿನೊಳಗಿಟ್ಟ. ಆಮೇಲೆ, ನಾವು ಬರುವಷ್ಟರಲ್ಲಿ ಡೀಸೆಲ್ ಹಾಕಿಸಿಬಿಡೋಣ ಎಂದು ಪಕ್ಕದ ಊರಿಗೆ ಹೊರಟುಹೋಗಿದ್ದ. ಜಗನ್ನನ ಸೆಲ್ ಫೋನಿಗೆ ಸಿಗ್ನಲ್ಲು ಸಿಗಲಿಲ್ಲ. ಹೊರಗೆಲ್ಲ ಚೂಪು ಜಲ್ಲಿ. ಮುಕ್ಕಾಲು ಗಂಟೆ ಚರ್ಚಿನೊಳಗೇ ಗತಿ ಎಂದಾಯಿತು. ಕೆಲವರಿಗೆ ನಗು, ಕೆಲವರಿಗೆ ಸಿಟ್ಟು, ಜಗನ್ನನಿಗೆ ಅಳು ಬರುವಂತಿತ್ತು. ಅವನ ಕಾಗದವೂ ಮುಗಿದಿತ್ತು.

ಇಂಚರಾ ನೆಲದ ಹೆಂಚುಗಳ ಮೇಲೆ ಸುಮ್ಮನೆ ಅತ್ತಿಂದಿತ್ತ ನಡೆಯುತ್ತಿದ್ದಳು. ದೊಡ್ಡ ದೊಡ್ಡ ಕೆಂಪು ಹೆಂಚು, ಬರಿಗಾಲಿಗೆ ತಣ್ಣಗಿತ್ತು. ಒಂದು ಕಡೆ ಗಕ್ಕನೆ ನಿಂತಳು. ಹಿಮ್ಮಡಿ ಎತ್ತಿ ಮತ್ತೆ ಇಟ್ಟಳು, ಕೂತಳು, ಬೆರಳಿಂದ ತಡವಿದಳು. ನಾನು ಹೋಗಿ ಬಗ್ಗಿದೆ. ಹೆಂಚಿನಲ್ಲಿ ಒಂದು ಪಂಜದ ಅಚ್ಚು ಮೂಡಿತ್ತು, ನಾಲ್ಕು ಬೆರಳು, ಒಂದು ಅಂಗಾಲು. ಶೂ ಹಾಕಿಕೊಂಡಿದ್ದರೆ ಯಾರಿಗೂ ಗೊತ್ತಾಗುತ್ತಿರಲಿಲ್ಲ.

"ತಾತ, ಇಟ್ಸ್ ರಿಯಲ್," ಎಂದು ಪಿಸುಗುಟ್ಟಿದಳು. ಲೈಬ್ರರಿ ಪುಸ್ತಕದಲ್ಲಿ ಇದರ ಬಗ್ಗೆ ಓದಿದ್ದಳಂತೆ, ನಿಜವಿರಲಿಕ್ಕಿಲ್ಲ ಅಂದುಕೊಂಡಿದ್ದಳಂತೆ.

ಅಷ್ಟರಲ್ಲಿ ತಾಯಮ್ಮ ಬಂದು ಬಗ್ಗಿ ನೋಡಿದರು. "ಯಾವ್ದ್ರ ಎಜ್ಜೆ ಇದು? ಕಲ್ಲೊಳೀಕೆ ಎಂಗ್ ಬಂತು?"

ನನ್ನ ಗಂಟಲು ಕೆರೆಯಿತು. ಮೂವತ್ತನಾಲ್ಕು ವರ್ಷದ ಅಭ್ಯಾಸ, ಪ್ರಶ್ನೆ ಬಿದ್ದರೆ ಉತ್ತರ ತಾನಾಗಿ ಎದ್ದು ಬರುತ್ತದೆ. ವಾಣಿಯ ಕಡೆ ನೋಡಿದೆ. ಅವಳು ಬೇಸತ್ತ ಜನವನ್ನು ನೋಡಿದಳು, ಜಗನ್ನನನ್ನು ನೋಡಿದಳು, ನಿಟ್ಟುಸಿರು ಬಿಟ್ಟಳು.

"ಹೋಗ್ಲಿ ಅಪ್ಪ, ನೀವೇ ಹೇಳಿ. ಇನ್ನೂ ಮುಕ್ಕಾಲು ಗಂಟೆ ಕಳೀಬೇಕಲ್ಲ."

ಹೇಳಿಬಿಡಬೇಕು ಅನ್ನಿಸಿತು. ಮ್ಯೂಸಿಯಮ್ಮಿನ ಆ ದಿನದಿಂದ ಬಾಯಿಗೆ ಕೆಲಸವಿಲ್ಲದೆ ಕೂತಿದ್ದೆ, ಮುಂದೆ ಇಪ್ಪತ್ತೊಂದು ಜನ ಕಾಯುತ್ತಿದ್ದರು. ಆದರೆ ಇಂಚರಾ ತಾಯಮ್ಮನ ಮುಖ ನೋಡುತ್ತಿದ್ದಳು, ಅವಳ ತುಟಿ ಆಗಲೇ ಅಲುಗುತ್ತಿತ್ತು.

"ಆಣೆ ಅಂದ್ರೆ ಆಣೆ," ಅಂದೆ. ಅಷ್ಟು ಹೇಳಿ ಬಾಯಿ ಮುಚ್ಚುವುದು ನನ್ನ ಜನ್ಮದಲ್ಲೇ ಕಷ್ಟದ ಕೆಲಸವಾಯಿತು.

ಬೇಲೂರಿನಲ್ಲಿ ಕತ್ತಲ ಮೂಲೆಯ ಶಿಲ್ಪ ತೋರಿಸಲು ನಾವು ಕನ್ನಡಿ ಇಟ್ಟುಕೊಳ್ಳುತ್ತೇವೆ. ಬಾಗಿಲ ಹತ್ತಿರ ನಿಂತು ಬಿಸಿಲನ್ನು ಹಿಡಿದು ಒಳಗೆ ಹಾಯಿಸುವುದು. ಅಂಗೈ ಅಗಲದ ಆ ಕನ್ನಡಿ ಇವತ್ತಿಗೂ ನನ್ನ ಜೇಬಿನಲ್ಲೇ ಇರುತ್ತದೆ. ನಾನು ಬಾಗಿಲಿಗೆ ಹೋಗಿ ನಿಂತು ಬಿಸಿಲು ಹಿಡಿದೆ. ಬೆಳಕಿನ ಬಿಲ್ಲೆ ನೆಲದ ಮೇಲೆ ಜಾರಿಕೊಂಡು ಹೋಗಿ ಹೆಂಚಿನ ಮೇಲೆ ನಿಂತಿತು. ಪಂಜ ಎದ್ದು ಕಂಡಿತು.

"ಇದು... ಪ್ರಾಣಿದು ಕಾಲು, ಅಜ್ಜಿ," ಎಂದಳು ಇಂಚರಾ. ಮನೆಯಲ್ಲಿ ನಾವು ಕನ್ನಡದಲ್ಲಿ ಕೇಳಿದ್ದಕ್ಕೆಲ್ಲ ಇಂಗ್ಲಿಷಿನಲ್ಲಿ ಉತ್ತರ ಕೊಡುವ ಹುಡುಗಿ. "ಇದು ಕಲ್ಲು ಅಲ್ಲ. ಮಣ್ಣು. ಒದ್ದೆ ಇತ್ತು. ಬಿಸಿಲಲ್ಲಿ ಇಟ್ರು, ಡ್ರೈ ಆಗಕ್ಕೆ. ಯಾರೂ ನೋಡ್ದಾಗ ಅದು ಬಂದು ನಡೀತು."

"ನಾಯೀನಾ?"

"ನಾಯಿ ತರ. ಕಯೋಟಿ ಇರ್ಬಹುದು. ಬೆಟ್ಟದಿಂದ ಬರತ್ತೆ."

"ನರಿ ಅನ್ನು," ಎಂದರು ತಾಯಮ್ಮ. "ಎಂಚು ಮಾಡ್ದೋರು ಯಾರವ್ವ? ಪಾದ್ರಿಗೋಳಾ?"

"ಅಲ್ಲ. ಇಲ್ಲಿ ಫಸ್ಟ್ ಇದ್ದ ಜನ. ಪಾದ್ರಿಗಳು ಅವರ ಹತ್ರ ಮಾಡ್ಸಿದ್ರು. ಅವರ ಮನೆಗೆ ವಾಪಸ್ ಹೋಗಕ್ಕೆ ಬಿಡ್ಲಿಲ್ಲ. ತುಂಬಾ ಜನ ಸತ್ತೋದ್ರು." ಅವಳು ಹೆಂಚನ್ನು ನೋಡಿದಳು. "ಕಯೋಟಿದು ಕಾಲು ಇದೆ. ಅವರ ಹೆಸರು ಇಲ್ಲಿ ಎಲ್ಲೂ ಬರೆದಿಲ್ಲ."

ತಾಯಮ್ಮ ಹೆಂಚಿನ ಮುಂದೆ ಮೊಣಕಾಲೂರಿದರು. ಆಮೇಲೆ ಆ ಹೆಂಚನ್ನು ಮುಟ್ಟಿ ಕಣ್ಣಿಗೆ ಒತ್ತಿಕೊಂಡರು.

ಅಷ್ಟರಲ್ಲಿ ಬೇರೆಯವರೂ ಹತ್ತಿರ ಬಂದರು. ನಾನು ಕನ್ನಡಿಯನ್ನು ಸ್ವಲ್ಪ ತಿರುಗಿಸಿದೆ. ಬೆಳಕು ಇನ್ನೊಂದು ಹೆಂಚಿಗೆ ಹೋಯಿತು, ಅಲ್ಲೊಂದು ಚಿಕ್ಕ ಹೆಜ್ಜೆ. ಇಂಚರಾ ಅದರ ಹಿಂದೆ ಓಡಿದಳು, ಜನ ಅವಳ ಹಿಂದೆ. ಮೂರನೆಯ ಹೆಂಚಿಗೆ ಬರುವಷ್ಟರಲ್ಲಿ ಎಲ್ಲರೂ ಸುತ್ತುವರಿದಿದ್ದರು. ಅವಳು ಒಮ್ಮೆ ನಿಂತು ನೋಡಿಕೊಂಡಳು. ತನ್ನ ಹಿಂದೆ ಜನವಿದ್ದಾರೆ ಎಂದು ತಿಳಿದು, ನಾಲ್ಕು ಹೆಜ್ಜೆ ಸರಿದು, ಗೋಡೆಗೆ ಬೆನ್ನು ಕೊಟ್ಟು ನಿಂತಳು. ಕಣ್ಣನ್ನು ಎಲ್ಲರಿಗಿಂತ ಹಿಂದೆ ನಿಂತಿದ್ದ ಜಗನ್ನನ ಮುಖಕ್ಕೆ ನೆಟ್ಟು ಮಾತು ಶುರುಮಾಡಿದಳು. ಜಗನ್ ತನ್ನ ಕಾಗದವನ್ನು ತಿರುವಿ ಹಾಕಿ ಬರೆದುಕೊಳ್ಳತೊಡಗಿದ.

ವಾಣಿ ನನ್ನ ಪಕ್ಕ ಬಂದು ನಿಂತಳು. ಕಣ್ಣು ಒರೆಸಿಕೊಂಡಳು. "ಕೈ ನೋಯ್ತಿದ್ಯಾ ಅಪ್ಪ? ಕನ್ನಡಿ ನಾನು ಹಿಡ್ಕೊಳ್ಳಾ?"

"ನಿಂಗೆ ಬರಲ್ಲ, ಸುಮ್ನಿರು," ಅಂದೆ.

ಬಸ್ಸು ಬಂತು. ಡ್ರೈವರು ನಾಚಿಕೊಂಡು ಎರಡು ದೊಡ್ಡ ಚೀಲಗಳಲ್ಲಿ ಚಪ್ಪಲಿ ಹೊತ್ತು ತಂದು ಹೊಸ್ತಿಲಲ್ಲಿ ಸುರಿದ. ಜನ ಬಾಗಿಲ ಕಡೆ ತಿರುಗಿದರು.

"ವೇಟ್, ಇನ್ನೂ ಒಂದಿದೆ," ಎಂದಳು ಇಂಚರಾ, ಸ್ವಲ್ಪ ಗದರಿಸಿಯೇ. ಎಲ್ಲರೂ ವಾಪಸ್ಸು ಬಂದರು. ಡ್ರೈವರೂ ಬೂಟು ಬಿಚ್ಚಿ ಒಳಗೆ ಬಂದ.

ಮರುದಿನ ಭಾನುವಾರ ಅವಳು ಪಕ್ಕದ ಅಪಾರ್ಟ್‌ಮೆಂಟಿನ ನಾಯಿಯನ್ನು ಬಿಸ್ಕತ್ತಿನ ಆಸೆ ತೋರಿಸಿ ಕರೆತಂದು, ಜೇಡಿಮಣ್ಣಿನ ಬಿಲ್ಲೆಯ ಮೇಲೆ ಅದರ ಕಾಲು ಒತ್ತಿಸಿದಳು. ಬಾಲ್ಕನಿಯ ಬಿಸಿಲಲ್ಲಿ ಅದು ಒಣಗುವವರೆಗೂ ಕಾವಲು ಕೂತಳು. ಸೋಮವಾರದ ಮಾತನ್ನು ಯಾರೂ ಎತ್ತಲಿಲ್ಲ. ಸೋಮವಾರ ಬೆಳಿಗ್ಗೆ ಅವಳ ಹಣೆ ಮುಟ್ಟಿ ನೋಡಿದೆ, ಜ್ವರ ಇರಲಿಲ್ಲ. ಸಕ್ಕರೆಯ ಮಿಶನ್ನನ್ನು ಸುರೇಶನ ಕೈಗೆ ಕೊಟ್ಟು, ಮಣ್ಣಿನ ಬಿಲ್ಲೆಯನ್ನು ಎದೆಗೆ ಅವಚಿಕೊಂಡು ಹೋದಳು. ಆಮೇಲೆ ಜೇಬು ಮುಟ್ಟಿಕೊಂಡರೆ ನನ್ನ ಕನ್ನಡಿ ಇರಲಿಲ್ಲ.

ಮಧ್ಯಾಹ್ನ ಅವಳನ್ನು ಕರೆತರಲು ಅರ್ಧ ಗಂಟೆ ಮೊದಲೇ ಸ್ಕೂಲಿಗೆ ಹೋದೆ. ಬಾತ್‌ರೂಮಿನಲ್ಲಿ ಕೂತು ಅಳುತ್ತಿದ್ದರೆ ಏನು ಹೇಳಲಿ ಎಂದು ದಾರಿಯುದ್ದಕ್ಕೂ ಯೋಚಿಸಿದೆ. ಇಲ್ಲಿಯ ಸ್ಕೂಲುಗಳಲ್ಲಿ ಕ್ಲಾಸಿನ ಬಾಗಿಲು ನೇರ ಅಂಗಳಕ್ಕೇ ತೆರೆಯುತ್ತದೆ. ಅವಳ ಕ್ಲಾಸಿನ ಬಾಗಿಲ ಹೊರಗೆ ಇಪ್ಪತ್ತೆಂಟು ಜೊತೆ ಪುಟ್ಟ ಶೂಗಳು ಸಾಲಾಗಿ ಕೂತಿದ್ದವು. ಕೊನೆಯಲ್ಲಿ ಒಂದು ಜೊತೆ ದೊಡ್ಡವು, ಟೀಚರಮ್ಮನವು.

ಗಂಟೆ ಹೊಡೆದ ಮೇಲೆ ಇಂಚರಾ ಬರಿಗಾಲಲ್ಲೇ ಓಡಿ ಬಂದಳು. ಕನ್ನಡಿಯನ್ನು ನನ್ನ ಜೇಬಿಗೆ ಇಳಿಬಿಟ್ಟಳು.

"ತಾತ, ನಾನು ಬೆನ್ನು ತೋರಿಸ್ಲಿಲ್ಲ," ಎಂದಳು ಕನ್ನಡದಲ್ಲಿ.

ನನ್ನ ಬಾಯಿಂದ ಒಂದು ಮಾತೂ ಹೊರಡಲಿಲ್ಲ. ಈ ಸಲ ಯಾರೂ ಆಣೆ ಹಾಕಿಸಿಕೊಂಡಿರಲಿಲ್ಲ.